ಇ20 ಪೆಟ್ರೋಲ್: ಟ್ಯಾಂಕಿಗೆ ಬೀಳುತ್ತಿರುವುದೇನು, ಜೇಬಿನಿಂದ ಹೋಗುತ್ತಿರುವುದೆಷ್ಟು?

ಬಂಕ್‌ನಲ್ಲಿ ಹುಡುಗ "ಝೀರೋ ನೋಡ್ಕೊಳ್ಳಿ ಸರ್" ಅನ್ನುತ್ತಾನೆ. ನಾವು ಮೀಟರ್ ನೋಡುತ್ತೇವೆ. ಎಷ್ಟು ಲೀಟರ್, ಎಷ್ಟು ರೂಪಾಯಿ ಅನ್ನುವುದು ಅಲ್ಲಿ ಕಾಣುತ್ತದೆ. ಆ ಲೀಟರಿನೊಳಗೆ ಏನಿದೆ ಅನ್ನುವುದು ಮಾತ್ರ ಕಾಣುವುದಿಲ್ಲ.

ಈಗ ಮಾಮೂಲಿ ಪೆಟ್ರೋಲ್ ಒಂದು ಲೀಟರ್ ಹಾಕಿಸಿದರೆ ಅದರಲ್ಲಿ ಪೆಟ್ರೋಲ್ ಇರುವುದು ಸುಮಾರು 800 ಮಿಲಿ. ಉಳಿದ 200 ಮಿಲಿ ಎಥನಾಲ್. ಕಬ್ಬು, ಮೆಕ್ಕೆಜೋಳ, ಅಕ್ಕಿಯಿಂದ ತೆಗೆದ, ನೀರಿನಂಶ ಇಲ್ಲದ ಸ್ಪಿರಿಟ್ ಅದು. ಈ ಮಿಶ್ರಣಕ್ಕೇ ಇ20 ಅನ್ನುತ್ತಾರೆ.

ಇದರ ಬಗ್ಗೆ ಬರುವ ಸುದ್ದಿಗಳು ಒಂದಕ್ಕೊಂದು ತಾಳೆಯಾಗುತ್ತಿಲ್ಲ. "ಇಂಜಿನ್ ಹಾಳಾಗುತ್ತದೆ, ಮೈಲೇಜ್ ಬಿದ್ದುಹೋಗಿದೆ" ಅಂತ ವಾಟ್ಸಾಪ್ ತುಂಬ ಸಂದೇಶ. "ಅಂಥದ್ದೇನೂ ಇಲ್ಲ, ಪಿಕಪ್ ಇನ್ನೂ ಚೆನ್ನಾಗಿರುತ್ತದೆ" ಅಂತ 2025ರ ಆಗಸ್ಟ್‌ನಲ್ಲಿ ಪೆಟ್ರೋಲಿಯಂ ಸಚಿವಾಲಯದ ಸ್ಪಷ್ಟನೆ. ಎಥನಾಲ್ ಇಲ್ಲದ ಪೆಟ್ರೋಲೂ ಸಿಗುವಂತಾಗಲಿ, ಬಂಕ್‌ನಲ್ಲಿ ಎಥನಾಲ್ ಎಷ್ಟಿದೆ ಅಂತ ಬರೆಯಲಿ ಎಂದು ಕೇಳಿದ ಅರ್ಜಿಯನ್ನು ಸೆಪ್ಟೆಂಬರ್ 1ರಂದು ಸುಪ್ರೀಂ ಕೋರ್ಟ್ ವಜಾ ಮಾಡಿತು. ಇದೆಲ್ಲ ಕಬ್ಬು ಬೆಳೆಗಾರರ ಒಳ್ಳೆಯದಕ್ಕೇ ಅನ್ನುವ ಮಾತು ಕೇಳುತ್ತಿದ್ದ ಹಾಗೇ, ನವೆಂಬರ್‌ನಲ್ಲಿ ಬೆಳಗಾವಿಯ ಕಬ್ಬು ಬೆಳೆಗಾರರು ಬೆಲೆ ಸಾಲದು ಅಂತ ರಸ್ತೆಗಿಳಿದರು.

ಹಾಗಾದರೆ ಯಾರು ಹೇಳುತ್ತಿರುವುದು ಸರಿ? ವಿಚಿತ್ರ ಅಂದರೆ, ಬಹುತೇಕ ಎಲ್ಲರ ಮಾತಿನಲ್ಲೂ ಸ್ವಲ್ಪ ಸ್ವಲ್ಪ ನಿಜ ಇದೆ.

ಮೈಲೇಜ್ ಎಷ್ಟು ಬೀಳುತ್ತದೆ?

ಮೊದಲು ಇದನ್ನು ಮುಗಿಸೋಣ, ಯಾಕೆಂದರೆ ಇಲ್ಲಿ ಲೆಕ್ಕ ಸುಲಭ. ಒಂದು ಲೀಟರ್ ಪೆಟ್ರೋಲ್ ಉರಿದಾಗ ಸುಮಾರು 32 ಮೆಗಾಜೌಲ್ ಶಕ್ತಿ ಸಿಗುತ್ತದೆ. ಒಂದು ಲೀಟರ್ ಎಥನಾಲ್‌ನಿಂದ ಸಿಗುವುದು ಸುಮಾರು 21. ಅಂದರೆ ಮೂರನೇ ಎರಡು ಭಾಗ. ಐದರಲ್ಲಿ ಒಂದು ಪಾಲು ಎಥನಾಲ್ ಸೇರಿಸಿದರೆ ಇಡೀ ಲೀಟರಿನ ಶಕ್ತಿ ಶೇ 6ರಿಂದ 7ರಷ್ಟು ಇಳಿಯುತ್ತದೆ.

ಆದರೆ ಒಂದು ವಿಷಯ ಮರೆಯಬಾರದು. 2022ರಿಂದಲೇ ನಮ್ಮ ಪೆಟ್ರೋಲ್‌ನಲ್ಲಿ ಶೇ 10ರಷ್ಟು ಎಥನಾಲ್ ಇತ್ತು. ಹಾಗಾಗಿ ಆಗಿನ ಪೆಟ್ರೋಲ್‌ಗೆ ಹೋಲಿಸಿದರೆ ಈಗ ಕಡಿಮೆಯಾದದ್ದು ಇನ್ನೂ ಶೇ 3.5ರ ಆಸುಪಾಸು. ಎಥನಾಲ್‌ಗೆ ಒಂದು ಒಳ್ಳೆಯ ಗುಣವೂ ಇದೆ. ಅದರ ಆಕ್ಟೇನ್, ಅಂದರೆ ಸರದಿಗೆ ಮುಂಚೆ ಹೊತ್ತಿಕೊಳ್ಳದೆ ತಡೆದುಕೊಳ್ಳುವ ಗುಣ, ಜಾಸ್ತಿ. ಅದಕ್ಕೆ ತಕ್ಕಂತೆ ಹೊಂದಿಸಿದ ಇಂಜಿನ್ ಆದರೆ ಕಳೆದುಕೊಂಡಿದ್ದರಲ್ಲಿ ಒಂದಿಷ್ಟನ್ನು ವಾಪಸ್ ಪಡೆಯುತ್ತದೆ.

ಸಚಿವಾಲಯ ಕೊಟ್ಟ ಅಂಕಿಯೂ ಈ ಲೆಕ್ಕಕ್ಕೆ ದೂರ ಇಲ್ಲ. ಇ10ಗೆ ತಯಾರಾಗಿ ಇ20ಗೆ ಹೊಂದಿಸಿದ ನಾಲ್ಕು ಚಕ್ರದ ಗಾಡಿಗಳಲ್ಲಿ ಶೇ 1ರಿಂದ 2, ಬೇರೆಯವುಗಳಲ್ಲಿ ಶೇ 3ರಿಂದ 6 ಮೈಲೇಜ್ ಕಡಿಮೆಯಾಗಬಹುದು ಅಂತ ಅದೇ ಒಪ್ಪಿಕೊಂಡಿದೆ. "ಅರ್ಧಕ್ಕರ್ಧ ಮೈಲೇಜ್ ಹೋಯ್ತು" ಅನ್ನುವವರು ಸ್ಪಾರ್ಕ್ ಪ್ಲಗ್, ಏರ್ ಫಿಲ್ಟರ್, ಟೈರಿನ ಗಾಳಿ, ಸಿಲ್ಕ್ ಬೋರ್ಡ್ ಟ್ರಾಫಿಕ್ ಇವನ್ನೆಲ್ಲ ಮೊದಲು ನೋಡಿಕೊಳ್ಳುವುದು ಒಳ್ಳೆಯದು.

ರೂಪಾಯಿಯಲ್ಲಿ ನೋಡೋಣ. ಲೀಟರಿಗೆ 50 ಕಿ.ಮೀ. ಕೊಡುವ ಬೈಕು, ತಿಂಗಳಿಗೆ 1,000 ಕಿ.ಮೀ. ಓಡಾಟ ಅಂದುಕೊಳ್ಳಿ. 20 ಲೀಟರ್ ಸಾಕು. ಮೈಲೇಜ್ ಶೇ 6 ಬಿದ್ದು 47 ಆದರೆ 21.3 ಲೀಟರ್ ಬೇಕು. ಲೀಟರಿಗೆ 103 ರೂಪಾಯಿ ಹಿಡಿದರೆ ತಿಂಗಳಿಗೆ 130 ರೂಪಾಯಿಯಷ್ಟು ಜಾಸ್ತಿ. ಶೇ 3 ಬಿದ್ದರೆ 65 ರೂಪಾಯಿಯ ಹತ್ತಿರ. ಮನೆ ಮುಳುಗುವ ಮೊತ್ತವೇನಲ್ಲ. ಆದರೆ ದಿನಾ ನೂರಿನ್ನೂರು ಕಿ.ಮೀ. ಓಡಿಸುವ ಡೆಲಿವರಿ ಹುಡುಗನಿಗೆ ಇದೇ ಲೆಕ್ಕ ನಾಲ್ಕೈದು ಪಟ್ಟು ಆಗುತ್ತದೆ. ಅವನ ಗಾಡಿ ಹೊಸದಾಗಿರುವ ಸಾಧ್ಯತೆಯೂ ಕಡಿಮೆ.

ರಬ್ಬರ್, ನೀರು, ಕಾರ್ಬುರೇಟರ್

ಇಂಜಿನ್ ವಿಷಯಕ್ಕೆ ಬಂದರೆ ಗಾಡಿಯ ವಯಸ್ಸೇ ಮುಖ್ಯ.

2023ರ ಏಪ್ರಿಲ್ ನಂತರ ತಯಾರಾದ ಗಾಡಿಗಳ ಪೈಪು, ಸೀಲು, ಗ್ಯಾಸ್ಕೆಟ್ ಎಲ್ಲ ಇ20 ತಡೆದುಕೊಳ್ಳುವ ವಸ್ತುವಿನಿಂದಲೇ ಆಗಿವೆ. 2025ರ ಏಪ್ರಿಲ್‌ನಿಂದ ಇಂಜಿನ್ನನ್ನೂ ಅದಕ್ಕೇ ಹೊಂದಿಸಿ ಕಳಿಸಬೇಕು. ತೊಂದರೆ ಏನಿದ್ದರೂ ಅದಕ್ಕಿಂತ ಹಳೆಯವುಗಳದ್ದು. ಎಥನಾಲ್ ಕೆಲವು ಬಗೆಯ ರಬ್ಬರನ್ನು ಉಬ್ಬಿಸುತ್ತದೆ, ಆಮೇಲೆ ಬಿರುಕು ಬಿಡಿಸುತ್ತದೆ. ಕೆಲವು ಹಳೆಯ ಗಾಡಿಗಳಲ್ಲಿ 20,000ದಿಂದ 30,000 ಕಿ.ಮೀ. ಆದ ಮೇಲೆ ರಬ್ಬರ್ ಭಾಗ, ಗ್ಯಾಸ್ಕೆಟ್ ಬದಲಿಸಬೇಕಾಗಬಹುದು, ಅದು ದುಬಾರಿಯಲ್ಲ ಅಂತ ಸಚಿವಾಲಯವೂ ಹೇಳಿದೆ. ಆ ಖರ್ಚು ಯಾರದ್ದು ಅಂತ ಹೇಳಿಲ್ಲ. ಹೇಳಬೇಕಾಗಿಯೂ ಇಲ್ಲ, ಗೊತ್ತೇ ಇದೆಯಲ್ಲ.

ಕಾರ್ಬುರೇಟರ್ ಇರುವ ಬೈಕುಗಳದ್ದು ಇನ್ನೊಂದು ಕಥೆ. 1 ಕೆಜಿ ಪೆಟ್ರೋಲ್ ಪೂರ್ತಿ ಉರಿಯಲು 14.7 ಕೆಜಿ ಗಾಳಿ ಬೇಕು. 1 ಕೆಜಿ ಎಥನಾಲ್‌ಗೆ 9 ಕೆಜಿ ಸಾಕು. ಫ್ಯುಯೆಲ್ ಇಂಜೆಕ್ಷನ್ ಇರುವ ಗಾಡಿಯಲ್ಲಿ ಸೈಲೆನ್ಸರ್ ಕಡೆ ಕೂತ ಆಕ್ಸಿಜನ್ ಸೆನ್ಸರ್ ಈ ವ್ಯತ್ಯಾಸವನ್ನು ಹಿಡಿದು, ಎಣ್ಣೆ ಸ್ವಲ್ಪ ಜಾಸ್ತಿ ಬಿಡು ಅಂತ ತಿಳಿಸುತ್ತದೆ. ಕಾರ್ಬುರೇಟರ್‌ಗೆ ಈ ಬುದ್ಧಿ ಇಲ್ಲ. ಅದರ ಜೆಟ್ಟಿನ ತೂತು ಎಷ್ಟಿದೆಯೋ ಅಷ್ಟೇ ಬಿಡುತ್ತದೆ. ಗಾಳಿ ಜಾಸ್ತಿ, ಎಣ್ಣೆ ಕಡಿಮೆ ಆಗುತ್ತದೆ. ಬೆಳಗಿನ ಚಳಿಯಲ್ಲಿ ಸ್ಟಾರ್ಟ್ ಮಾಡಲು ಕಿಕ್ ಜಾಸ್ತಿ ಹೊಡೆಯಬೇಕಾಗುತ್ತದೆ, ಇಂಜಿನ್ ಬಿಸಿಯೂ ಏರಬಹುದು. 2020ರಲ್ಲಿ ಗಾಡಿಯ ಹೊಗೆಗೆ ಮಿತಿ ಹಾಕುವ ಬಿಎಸ್6 ನಿಯಮ ಬಂದ ಮೇಲೆ ಕಾರ್ಬುರೇಟರ್ ಹೆಚ್ಚುಕಡಿಮೆ ನಿಂತೇ ಹೋಯಿತು. ಆದರೆ ಅದಕ್ಕೂ ಮುಂಚಿನ ಬೈಕುಗಳು ಹಳ್ಳಿ ಹಳ್ಳಿಯಲ್ಲಿ ಇನ್ನೂ ಓಡುತ್ತಿವೆ.

ಮಳೆಗಾಲದ್ದೂ ಒಂದು ತಾಪತ್ರಯ ಇದೆ. ಎಥನಾಲ್ ನೀರನ್ನು ಎಳೆದುಕೊಳ್ಳುತ್ತದೆ. ಅಲ್ಪಸ್ವಲ್ಪ ನೀರಾದರೆ ತನ್ನೊಳಗೇ ಕರಗಿಸಿಕೊಂಡು ಸುಮ್ಮನಿರುತ್ತದೆ. ಜಾಸ್ತಿಯಾದರೆ ಪೆಟ್ರೋಲಿನ ಸಂಗ ಬಿಟ್ಟು ನೀರಿನ ಜೊತೆ ತಳಕ್ಕಿಳಿಯುತ್ತದೆ. ಇಂಜಿನ್ ಇಂಧನ ಎಳೆದುಕೊಳ್ಳುವುದು ಟ್ಯಾಂಕಿನ ಅದೇ ತಳದಿಂದ. ತಿಂಗಳುಗಟ್ಟಲೆ ಶೆಡ್ಡಿನಲ್ಲಿ ನಿಂತ ಸ್ಕೂಟರ್, ಮುಚ್ಚಳದ ರಬ್ಬರ್ ಸಡಿಲವಾದ ಟ್ಯಾಂಕ್ ಇವಕ್ಕೆ ಅಪಾಯ ಜಾಸ್ತಿ. ದಿನಾ ಓಡಿಸುವ ಗಾಡಿಗೆ ಈ ಚಿಂತೆ ಅಷ್ಟಾಗಿ ಬೇಡ.

ಇ20 ಹಾಕಿದರೆ ಇನ್ಶೂರೆನ್ಸ್ ಸಿಗುವುದಿಲ್ಲ ಅನ್ನುವ ಸುದ್ದಿಯನ್ನು ಸಚಿವಾಲಯ ತಳ್ಳಿಹಾಕಿದೆ.

ಪೆಟ್ರೋಲ್ ಯಾವತ್ತೂ ಬರೀ ಪೆಟ್ರೋಲ್ ಆಗಿರಲಿಲ್ಲ

"ಶುದ್ಧ ಪೆಟ್ರೋಲ್ ಕೊಡಿ" ಅನ್ನುವುದು ನ್ಯಾಯವಾದ ಬೇಡಿಕೆಯಂತೆ ಕೇಳಿಸುತ್ತದೆ. ಆದರೆ ಮೋಟಾರು ಗಾಡಿಯ ಚರಿತ್ರೆಯಲ್ಲಿ ಅಂಥ ಶುದ್ಧ ಪೆಟ್ರೋಲ್ ಹುಡುಕಿದರೆ ಸಿಗುವುದು ಕಷ್ಟ.

1888ರ ಆಗಸ್ಟ್‌ನಲ್ಲಿ ಜರ್ಮನಿಯ ಬರ್ಥಾ ಬೆಂಜ್ ಗಂಡನಿಗೂ ಹೇಳದೆ, ಇಬ್ಬರು ಗಂಡುಮಕ್ಕಳನ್ನು ಕೂರಿಸಿಕೊಂಡು, ಗಂಡ ಕಾರ್ಲ್ ಬೆಂಜ್ ತಯಾರಿಸಿದ ಮೂರು ಚಕ್ರದ ಗಾಡಿಯಲ್ಲಿ ಮ್ಯಾನ್‌ಹೈಮ್‌ನಿಂದ ಫೋರ್ಝೈಮ್‌ಗೆ ಹೊರಟಳು. ನೂರು ಕಿ.ಮೀ.ಗೂ ಜಾಸ್ತಿ ದಾರಿ. ನಡುವೆ ಎಣ್ಣೆ ಮುಗಿಯಿತು. ಬಂಕ್ ಅನ್ನುವುದು ಆಗ ಇರಲೇ ಇಲ್ಲ. ವೀಸ್‌ಲೋಕ್ ಎಂಬ ಊರಿನ ಔಷಧಿ ಅಂಗಡಿಯಲ್ಲಿ ಲಿಗ್ರೊಯಿನ್ ಕೊಂಡು ತುಂಬಿಸಿದಳು. ಅದು ಬಟ್ಟೆಯ ಕಲೆ ತೆಗೆಯಲು ಮಾರುತ್ತಿದ್ದ ದ್ರವ! ಉರಿಯುವಂಥದ್ದು ಏನು ಸಿಕ್ಕರೂ ಅದೇ ಇಂಧನ ಅನ್ನುವ ಕಾಲ ಅದು.

1908ರಲ್ಲಿ ಹೆನ್ರಿ ಫೋರ್ಡ್‌ನ ಮಾಡೆಲ್ ಟಿ ಬಂದ ಮೇಲೆ ಕಾರು ದೊಡ್ಡವರ ಶೋಕಿಯಾಗಿ ಉಳಿಯಲಿಲ್ಲ. 1927ರ ಹೊತ್ತಿಗೆ 1.5 ಕೋಟಿ ಮಾಡೆಲ್ ಟಿ ತಯಾರಾದವು. ಅಷ್ಟು ಗಾಡಿಗಳಿಗೆ ಎಣ್ಣೆ ಎಲ್ಲಿಂದ ತರುವುದು? ಹೊಲದಲ್ಲಿ ಬೆಳೆದದ್ದರಿಂದ ತೆಗೆದ ಆಲ್ಕೋಹಾಲೇ ಮುಂದಿನ ಇಂಧನ ಅಂತ ಫೋರ್ಡ್ 1925ರಲ್ಲಿ ಪತ್ರಿಕೆಗೆ ಹೇಳಿದ್ದ. ಈಗ ನಮ್ಮ ಸಚಿವರು ಹೇಳುವ ಮಾತು ನೂರು ವರ್ಷ ಹಳೆಯದು ಅನ್ನುವುದು ಇದಕ್ಕೇ.

ಮತ್ತೆ ಆಲ್ಕೋಹಾಲ್ ಯಾಕೆ ಗೆಲ್ಲಲಿಲ್ಲ? ಇಲ್ಲಿ ಸ್ವಲ್ಪ ನಿಂತು ನೋಡಬೇಕು.

ಆಗಿನ ಇಂಜಿನ್‌ಗಳ ದೊಡ್ಡ ರೋಗ ನಾಕಿಂಗ್. ಏರು ಹತ್ತುವಾಗ ಒಳಗಿಂದ ಟಕ ಟಕ ಶಬ್ದ. ಪೆಟ್ರೋಲ್ ತನ್ನ ಸರದಿ ಬರುವ ಮುಂಚೆಯೇ ಹೊತ್ತಿಕೊಳ್ಳುವುದು ಇದಕ್ಕೆ ಕಾರಣ. ಪೆಟ್ರೋಲ್‌ಗೆ ಆಲ್ಕೋಹಾಲ್ ಬೆರೆಸಿದರೆ ನಾಕಿಂಗ್ ನಿಲ್ಲುತ್ತದೆ ಅನ್ನುವುದು ಜನರಲ್ ಮೋಟಾರ್ಸ್‌ನ ಪ್ರಯೋಗಾಲಯದವರಿಗೆ ಗೊತ್ತಿತ್ತು. ಆದರೆ 1921ರ ಡಿಸೆಂಬರ್ 9ರಂದು ಅಲ್ಲಿನ ಥಾಮಸ್ ಮಿಡ್‌ಗ್ಲಿ ಇನ್ನೊಂದು ದಾರಿ ಕಂಡುಕೊಂಡ. ಟೆಟ್ರಾಈಥೈಲ್ ಲೆಡ್, ಅಂದರೆ ಸೀಸದ ಸಂಯುಕ್ತ. ಒಂದು ಗ್ಯಾಲನ್‌ಗೆ 3 ಮಿಲಿಯಷ್ಟು ಹಾಕಿದರೂ ಸಾಕು.

ಲೆಕ್ಕ ಹಾಕಿ ನೋಡಿ. ಆಲ್ಕೋಹಾಲ್ ಆದರೆ ಹತ್ತರಲ್ಲಿ ಒಂದೆರಡು ಪಾಲು ಬೆರೆಸಬೇಕು. ಅಷ್ಟೂ ಪೆಟ್ರೋಲ್ ಕಂಪನಿಗಳ ವ್ಯಾಪಾರಕ್ಕೆ ಕತ್ತರಿ. ಆಲ್ಕೋಹಾಲ್ ಯಾರು ಬೇಕಾದರೂ ಬಟ್ಟಿ ಇಳಿಸಬಹುದು, ಅದಕ್ಕೆ ಪೇಟೆಂಟ್ ಸಿಗುವುದಿಲ್ಲ. ಸೀಸದ ಸೇರ್ಪಡೆಗೆ ಸಿಗುತ್ತದೆ. ಮೇಲಾಗಿ ಅದು ಅಮೆರಿಕದಲ್ಲಿ ಪಾನನಿಷೇಧ ಜಾರಿಯಲ್ಲಿದ್ದ ಕಾಲ. ಸೀಸ ಗೆದ್ದಿತು. ಮಾರಾಟದ ಹೆಸರು "ಈಥೈಲ್". ಅದರಲ್ಲಿ ಸೀಸ ಇದೆ ಅನ್ನುವ ಸುಳಿವೂ ಹೆಸರಿನಲ್ಲಿ ಇರಲಿಲ್ಲ.

1924ರಲ್ಲಿ ನ್ಯೂಜೆರ್ಸಿಯ ಬೇವೇ ರಿಫೈನರಿಯಲ್ಲಿ ಅದನ್ನು ತಯಾರಿಸುತ್ತಿದ್ದ ಐವರು ಕಾರ್ಮಿಕರು ಸತ್ತರು. ಸಾಯುವ ಮುನ್ನ ಅವರಿಗೆ ಬುದ್ಧಿಭ್ರಮಣೆಯಾಗಿತ್ತು. ಇದರಲ್ಲಿ ಅಪಾಯ ಇಲ್ಲ ಅಂತ ತೋರಿಸಲು ಮಿಡ್‌ಗ್ಲಿ ಪತ್ರಕರ್ತರ ಎದುರು ಅದೇ ದ್ರವದಲ್ಲಿ ಕೈ ತೊಳೆದು, ಅದರ ವಾಸನೆಯನ್ನೂ ಎಳೆದುಕೊಂಡ. ಅವನಿಗೇ ಅದರ ಹಿಂದಿನ ವರ್ಷ ಸೀಸದ ವಿಷ ಏರಿ ವಿಶ್ರಾಂತಿ ಪಡೆಯಬೇಕಾಗಿ ಬಂದಿತ್ತು. ಮಾರಾಟ ಕೆಲಕಾಲ ನಿಂತು ಮತ್ತೆ ಶುರುವಾಯಿತು. ಆಮೇಲೆ ಹಲವು ದಶಕ ಇಡೀ ಜಗತ್ತು ಸೀಸದ ಹೊಗೆ ಕುಡಿಯಿತು. ಮಕ್ಕಳ ಮಿದುಳಿಗೆ ಅದರಿಂದ ಪೆಟ್ಟಾಯಿತು. ಭಾರತದಲ್ಲಿ ಸೀಸದ ಪೆಟ್ರೋಲ್ ಪೂರ್ತಿ ನಿಂತದ್ದು 2000ದ ಫೆಬ್ರವರಿಯಲ್ಲಿ. ಜಗತ್ತಿನ ಕೊನೆಯ ದೇಶವಾಗಿ ಅಲ್ಜೀರಿಯಾ ನಿಲ್ಲಿಸಿದ್ದು 2021ರಲ್ಲಿ.

ಎಥನಾಲ್ ಸೀಸದಂಥ ವಿಷ ಅಂತ ಇದರ ಅರ್ಥವಲ್ಲ. ಸೀಸಕ್ಕೆ ಹೋಲಿಸಿದರೆ ಅದು ಸಾಧು. ಎರಡೂ ಕಥೆಯಲ್ಲಿ ಒಂದೇ ಥರ ಇರುವುದು ಬೇರೆ. ಪೆಟ್ರೋಲ್‌ಗೆ ಏನು ಬೆರೆಸಬೇಕು ಅನ್ನುವುದನ್ನು ಇಂಜಿನ್ನಿನ ಅಗತ್ಯವೊಂದೇ ನಿರ್ಧರಿಸಿದ್ದು ಕಡಿಮೆ. ಆಗ ಪೇಟೆಂಟ್ ಮತ್ತು ಎಣ್ಣೆ ಕಂಪನಿಯ ಲಾಭ ನಿರ್ಧರಿಸಿದವು. ಈಗ ಆಮದಿನ ಖರ್ಚು ಮತ್ತು ಸಕ್ಕರೆ ಕಾರ್ಖಾನೆಯ ಲೆಕ್ಕ ನಿರ್ಧರಿಸುತ್ತಿವೆ. ಗಾಡಿ ಓಡಿಸುವವನನ್ನು ಆಗಲೂ ಯಾರೂ ಕೇಳಲಿಲ್ಲ, ಈಗಲೂ ಕೇಳಿಲ್ಲ.

ಸರ್ಕಾರದ ವಾದದಲ್ಲಿ ಹುರುಳಿದೆ, ಆದರೆ...

ಭಾರತ ತನಗೆ ಬೇಕಾದ ಕಚ್ಚಾ ತೈಲದಲ್ಲಿ ಶೇ 85ಕ್ಕೂ ಜಾಸ್ತಿಯನ್ನು ಹೊರಗಿನಿಂದ ತರುತ್ತದೆ. ಗಲ್ಫ್‌ನಲ್ಲಿ ಗುಂಡು ಹಾರಿದರೆ ನಮ್ಮಲ್ಲಿ ಬೆಲೆ ಏರುತ್ತದೆ. ದೇಶದೊಳಗೇ ತಯಾರಾಗುವ ಒಂದು ಲೀಟರ್ ಎಥನಾಲ್ ಅಷ್ಟರಮಟ್ಟಿಗೆ ಡಾಲರ್ ಉಳಿಸುತ್ತದೆ. 2014–15ರಿಂದ 2025ರ ಜುಲೈವರೆಗೆ 1.44 ಲಕ್ಷ ಕೋಟಿ ರೂಪಾಯಿಗೂ ಹೆಚ್ಚು ವಿದೇಶಿ ವಿನಿಮಯ ಉಳಿದಿದೆ ಅನ್ನುವುದು ಸಚಿವಾಲಯದ ಲೆಕ್ಕ.

ಇದನ್ನು ಅಲ್ಲಗಳೆಯುವ ಅಗತ್ಯ ಇಲ್ಲ. ಪ್ರಶ್ನೆ ವೇಗದ್ದು. 2003ರಲ್ಲಿ ಕೆಲವು ರಾಜ್ಯಗಳಲ್ಲಿ ಶೇ 5ರ ಮಿಶ್ರಣ ಶುರುವಾಯಿತು. ಹತ್ತು ವರ್ಷ ಕಳೆದರೂ ದೇಶದ ಸರಾಸರಿ ಶೇ 1.5ರ ಹತ್ತಿರವೇ ಇತ್ತು. 2018ರ ನೀತಿಯಲ್ಲಿ ಶೇ 20ಕ್ಕೆ ಗುರಿ ಇಟ್ಟದ್ದು 2030ಕ್ಕೆ. ಆಮೇಲೆ ಅದನ್ನು ಐದು ವರ್ಷ ಹಿಂದಕ್ಕೆ ಎಳೆದರು. 2023ರ ಫೆಬ್ರವರಿ 6ರಂದು ಪ್ರಧಾನಿ ಇ20ಗೆ ಚಾಲನೆ ಕೊಟ್ಟದ್ದು ನಮ್ಮ ಬೆಂಗಳೂರಿನಲ್ಲೇ. ಆಗ ಅದು ಸಿಗುತ್ತಿದ್ದದ್ದು 84 ಬಂಕ್‌ಗಳಲ್ಲಿ. ಎರಡೂವರೆ ವರ್ಷದಲ್ಲಿ ಅದೊಂದೇ ಉಳಿಯಿತು. ಗಾಡಿ ಬದಲಾಗಲು 15 ವರ್ಷ ಬೇಕು, ಎಣ್ಣೆ ಬದಲಾದದ್ದು ಎರಡೂವರೆ ವರ್ಷದಲ್ಲಿ. ಗೊಂದಲದ ಬೇರು ಇಲ್ಲಿದೆ.

ಇನ್ನೊಂದು ವಿಷಯ ಜಾಸ್ತಿ ಚರ್ಚೆಗೆ ಬರಲೇ ಇಲ್ಲ. ಈ ಯೋಜನೆಗೆ ದಾರಿ ಹಾಕಿಕೊಟ್ಟ 2021ರ ನೀತಿ ಆಯೋಗದ ವರದಿಯಲ್ಲೇ ಒಂದು ಸಲಹೆ ಇತ್ತು. ಎಥನಾಲ್‌ನಲ್ಲಿ ಶಕ್ತಿ ಕಡಿಮೆ ಇರುವುದರಿಂದ ಆ ನಷ್ಟ ತುಂಬಿಕೊಡುವಂತೆ ಮಿಶ್ರಣದ ಬೆಲೆ ಮಾಮೂಲಿ ಪೆಟ್ರೋಲ್‌ಗಿಂತ ಕಡಿಮೆ ಇರಬೇಕು ಅಂತ. ಶೇ 20ರ ಗುರಿಯನ್ನು ಹಿಡಿದುಕೊಂಡರು, ಬೆಲೆಯ ಸಲಹೆಯನ್ನು ಕೈಬಿಟ್ಟರು. ಯಾಕೆ ಅಂದರೆ ಆ ಹೊತ್ತಿಗೆ ಎಥನಾಲ್ಲೇ ತುಟ್ಟಿಯಾಗಿತ್ತು. ಮೆಕ್ಕೆಜೋಳದ ಎಥನಾಲ್‌ನ ಖರೀದಿ ಬೆಲೆ 2021–22ರಲ್ಲಿ ಲೀಟರಿಗೆ 52.92 ರೂಪಾಯಿ ಇದ್ದದ್ದು 2024–25ರಲ್ಲಿ 71.86 ಆಯಿತು. ತೆರಿಗೆ ಸೇರಿಸದೆ ನೋಡಿದರೆ ರಿಫೈನರಿಯಿಂದ ಹೊರಬರುವ ಪೆಟ್ರೋಲ್‌ಗಿಂತ ಜಾಸ್ತಿ. ಹಾಗಾಗಿ "ಎಥನಾಲ್ ಬೆರೆಸಿದ ಮೇಲೆ ಬೆಲೆ ಇಳಿಯಬೇಕಿತ್ತಲ್ವಾ?" ಅಂತ ಕೇಳಿದರೆ, ಇಳಿಯಲು ಅಲ್ಲಿ ಉಳಿತಾಯವೇ ಇರಲಿಲ್ಲ ಅನ್ನುವುದು ಉತ್ತರ. ಇಳಿಸಬೇಕಿದ್ದರೆ ತೆರಿಗೆಯನ್ನು ಇಳಿಸಬೇಕಿತ್ತು. ಅದಕ್ಕೆ ಕೇಂದ್ರವೂ ತಯಾರಿಲ್ಲ, ರಾಜ್ಯಗಳೂ ತಯಾರಿಲ್ಲ.

ಬ್ರೆಜಿಲ್ ಹೋಲಿಕೆ ಅರ್ಧ ಮಾತ್ರ

ಬ್ರೆಜಿಲ್‌ನಲ್ಲಿ 2025ರ ಆಗಸ್ಟ್‌ನಿಂದ ಶೇ 30 ಎಥನಾಲ್ ಬೆರೆಸುತ್ತಾರೆ, ಅಲ್ಲಿ ಯಾವ ಗಾಡಿ ಕೆಟ್ಟಿದೆ ಅಂತ ಕೇಳುತ್ತಾರೆ. ಕೇಳಬೇಕಾದ ಪ್ರಶ್ನೆಯೇ. ಆದರೆ ಅವರು ಶುರು ಮಾಡಿದ್ದು 1975ರಲ್ಲಿ, ಅಂದರೆ ಐವತ್ತು ವರ್ಷದ ಹಾದಿ. 1980ರ ದಶಕದ ಕೊನೆಯಲ್ಲಿ ಸಕ್ಕರೆಗೆ ಒಳ್ಳೆ ಬೆಲೆ ಬಂದಾಗ ಕಾರ್ಖಾನೆಗಳು ಅತ್ತ ವಾಲಿದವು. ಬರೀ ಎಥನಾಲ್‌ನಲ್ಲಿ ಓಡುವ ಕಾರು ಕೊಂಡಿದ್ದವರು ಬಂಕ್‌ಗಳ ಮುಂದೆ ಸಾಲು ನಿಂತರು. ಆ ಪಾಠದ ಮೇಲೆ 2003ರಲ್ಲಿ ಫ್ಲೆಕ್ಸ್ ಫ್ಯುಯೆಲ್ ಕಾರು ಬಂತು. ಯಾವ ಮಿಶ್ರಣ ಹಾಕಿದರೂ ಅದು ಓಡುತ್ತದೆ.

ಅಲ್ಲಿನ ಬಂಕ್‌ನಲ್ಲಿ ಎಥನಾಲ್‌ಗೆ ಬೇರೆ ಪಂಪು, ಬೇರೆ ಬೆಲೆ. ಎಥನಾಲ್ ಬೆಲೆ ಪೆಟ್ರೋಲ್‌ನ ಶೇ 70ಕ್ಕಿಂತ ಕಡಿಮೆ ಇದ್ದರೆ ಎಥನಾಲ್, ಜಾಸ್ತಿ ಇದ್ದರೆ ಪೆಟ್ರೋಲ್ ಅನ್ನುವುದು ಅಲ್ಲಿನ ಚಾಲಕರ ಬಾಯಿಲೆಕ್ಕ. ಯುರೋಪಿನಲ್ಲೂ ಪಂಪಿನ ಮೇಲೆ ಇ5, ಇ10 ಅಂತ ಬರೆದಿರುತ್ತದೆ. ನಮ್ಮಲ್ಲಿ ಪರ್ಯಾಯ ಬೇಕಾದವರಿಗೆ ಇರುವುದು ಕೆಲವೇ ಬಂಕ್‌ಗಳಲ್ಲಿ ಸಿಗುವ, 100 ಆಕ್ಟೇನ್‌ನ ದುಬಾರಿ ಪೆಟ್ರೋಲ್. ದಿನದ ಓಡಾಟಕ್ಕೆ ಆಗುವ ಮಾತಲ್ಲ ಅದು.

ಲಾಭ ಯಾರ ಹೊಲಕ್ಕೆ ಹೋಯಿತು?

ಈಗ ಬೆಳಗಾವಿಗೆ ಬರೋಣ. ಗುರ್ಲಾಪುರದಲ್ಲಿ ಕೂತ ರೈತರು ಟನ್ ಕಬ್ಬಿಗೆ 3,500 ರೂಪಾಯಿ ಕೇಳಿದರು. ಕಾರ್ಖಾನೆಗಳು ಕೊಡಲೇಬೇಕು ಅಂತ ಕೇಂದ್ರ ನಿಗದಿ ಮಾಡಿದ ಕನಿಷ್ಠ ಬೆಲೆ, ಅಂದರೆ ಎಫ್‌ಆರ್‌ಪಿ, ಟನ್‌ಗೆ 3,550 ಇತ್ತಲ್ಲ, ಮತ್ತೆ ಯಾಕೆ ಗಲಾಟೆ ಅಂತ ಹಲವರಿಗೆ ಅನಿಸಿತು. ಶೇ 10.25 ಸಕ್ಕರೆ ಇಳುವರಿಗೆ ಕಟ್ಟಿದ ಆ ಬೆಲೆಯೊಳಗೆ ಕಟಾವು ಮತ್ತು ಸಾಗಣೆ ಖರ್ಚೂ ಸೇರಿರುತ್ತದೆ. ಅದನ್ನು ಕಾರ್ಖಾನೆ ಮುರಿದುಕೊಳ್ಳುತ್ತದೆ. ರೈತರು ಕೇಳಿದ್ದು ಅದೆಲ್ಲ ಕಳೆದು ಕೈಗೆ ಸಿಗುವ ದುಡ್ಡು. ಕೊನೆಗೆ 3,300ಕ್ಕೆ ಮಾತು ನಿಂತಿತು.

ಕಾರ್ಖಾನೆಯವರ ಅಳಲು ಬೇರೆ. ಸಕ್ಕರೆಯ ಕನಿಷ್ಠ ಮಾರಾಟ ಬೆಲೆ 2019ರಿಂದ ಕೆಜಿಗೆ 31 ರೂಪಾಯಿಯಲ್ಲೇ ಇತ್ತು. ಎಥನಾಲ್ ಘಟಕಕ್ಕೆ ಸಾಲ ಮಾಡಿ ದುಡ್ಡು ಹಾಕಿಯಾಗಿದೆ, ಕೊಳ್ಳುವವರು ಸಾಲದು. ರಾಜ್ಯಕ್ಕೆ 270 ಕೋಟಿ ಲೀಟರ್ ಸಾಮರ್ಥ್ಯ ಇದ್ದರೂ ಹಂಚಿಕೆ ಸಿಕ್ಕಿದ್ದು 47 ಕೋಟಿ ಲೀಟರ್ ಅಂತ ಮುಖ್ಯಮಂತ್ರಿ ಸಿದ್ದರಾಮಯ್ಯ ದೂರಿದರು. ಕೇಂದ್ರ ಸಚಿವ ಪ್ರಲ್ಹಾದ ಜೋಶಿ ಇದನ್ನು ಒಪ್ಪಲಿಲ್ಲ. ಲೆಕ್ಕದ ಜಗಳ ಅದು, ಈಗಲೇ ಮುಗಿಯುವಂಥದ್ದಲ್ಲ.

ಮೆಕ್ಕೆಜೋಳದ ಕಥೆ ಇನ್ನೂ ಸಿಕ್ಕು. ಈಗ ದೇಶದಲ್ಲಿ ಎಥನಾಲ್‌ಗೆ ಅತಿ ಹೆಚ್ಚು ಬಳಕೆಯಾಗುವುದು ಕಬ್ಬಲ್ಲ, ಮೆಕ್ಕೆಜೋಳ. 2024ರಲ್ಲಿ ಬೇಡಿಕೆ ಏರಿ, ಬೆಲೆ ಏರಿ, ಕೋಳಿ ಸಾಕುವವರು ಕಂಗಾಲಾದರು. ಹೊರಗಿನಿಂದ ಮೆಕ್ಕೆಜೋಳ ತರಿಸಬೇಕಾಯಿತು. ಆ ಬೆಲೆ ನೋಡಿ ಮರುವರ್ಷ ರೈತರು ಜಾಸ್ತಿ ಬಿತ್ತಿದರು. ಅಷ್ಟೊತ್ತಿಗೆ ಸರ್ಕಾರ ತನ್ನ ಗೋದಾಮಿನ ಅಕ್ಕಿಯನ್ನು ಕೆಜಿಗೆ 22.50 ರೂಪಾಯಿಯಂತೆ ಎಥನಾಲ್ ಘಟಕಗಳಿಗೆ ಬಿಟ್ಟಿತ್ತು. ಅಗ್ಗದ ಅಕ್ಕಿ ಸಿಗುವಾಗ ಮೆಕ್ಕೆಜೋಳಕ್ಕೆ ಮುಗಿಬೀಳುವವರು ಯಾರು? 2025ರ ಕೊಯ್ಲಿನ ಹೊತ್ತಿಗೆ ದಾವಣಗೆರೆ, ಹಾವೇರಿ ಕಡೆ ಬೆಲೆ ಕ್ವಿಂಟಲ್‌ಗೆ 2,000ಕ್ಕಿಂತ ಕೆಳಗಿಳಿಯಿತು. ಬೆಂಬಲ ಬೆಲೆ ಇದ್ದದ್ದು 2,400. ಒಂದೇ ಬೆಳೆ ಒಂದು ವರ್ಷ ಕೋಳಿ ಫಾರ್ಮಿನವರನ್ನು ಅಳಿಸಿತು, ಮರುವರ್ಷ ಬೆಳೆದವನನ್ನೇ ಅಳಿಸಿತು.

ನೀರಿನ ಲೆಕ್ಕ ಇದರ ಹಿಂದೆ ಸದ್ದಿಲ್ಲದೆ ಓಡುತ್ತಿದೆ. ಕಬ್ಬಿನಿಂದ ಒಂದು ಲೀಟರ್ ಎಥನಾಲ್ ತೆಗೆಯಲು ಸುಮಾರು 2,860 ಲೀಟರ್ ನೀರು ಬೇಕು ಅನ್ನುವುದೂ ಅದೇ ನೀತಿ ಆಯೋಗದ ವರದಿಯಲ್ಲಿದೆ. ಸ್ಕೂಟರಿಗೆ ಐದು ಲೀಟರ್ ತುಂಬಿಸಿದರೆ ಅದರಲ್ಲಿ ಒಂದು ಲೀಟರ್ ಎಥನಾಲ್. ಅದು ಕಬ್ಬಿನದ್ದಾಗಿದ್ದರೆ, ಅರ್ಧ ಟ್ಯಾಂಕರ್ ನೀರು.

ಇ20ಗೇ ನಿಲ್ಲುತ್ತದೆಯೇ?

2025–26ರ ಸಾಲಿಗೆ ತೈಲ ಕಂಪನಿಗಳು ಕೇಳಿದ್ದು 1,050 ಕೋಟಿ ಲೀಟರ್ ಎಥನಾಲ್. ಡಿಸ್ಟಿಲರಿಗಳು ಕೊಡಲು ಮುಂದೆ ಬಂದದ್ದು 1,776 ಕೋಟಿ ಲೀಟರ್. ಸಾಲ ಮಾಡಿ ಕಟ್ಟಿದ ಘಟಕ ಸುಮ್ನೆ ನಿಲ್ಲುವುದಿಲ್ಲ. ಉಳಿದ ಸ್ಪಿರಿಟ್ ಎಲ್ಲಾದರೂ ಹೋಗಲೇಬೇಕು. ಅದಕ್ಕೇ ಇ27 ಅನ್ನುವ ಮಾತು ಆಗಲೇ ಕೇಳಿಬರುತ್ತಿದೆ. ಡೀಸೆಲ್‌ಗೆ ಬೆರೆಸುವ ದಾರಿ, ಫ್ಲೆಕ್ಸ್ ಫ್ಯುಯೆಲ್ ಗಾಡಿಗಳ ದಾರಿಯೂ ಚರ್ಚೆಯಲ್ಲಿವೆ. ಮೂರರಲ್ಲಿ ಫ್ಲೆಕ್ಸ್ ಫ್ಯುಯೆಲ್ ಒಂದರಲ್ಲೇ ಬೇಕು, ಬೇಡ ಅನ್ನುವ ಮಾತು ಗಾಡಿ ಕೊಳ್ಳುವವನ ಕೈಲಿರುತ್ತದೆ. ಅದಕ್ಕೆ ಟೈಮು ಜಾಸ್ತಿ ಬೇಕು, ಬೇರೆ ಪಂಪೂ ಬೇಕು. ಇರುವ ಪೆಟ್ರೋಲ್‌ಗೇ ಇನ್ನಷ್ಟು ಸುರಿಯುವುದು ಎಲ್ಲಕ್ಕಿಂತ ಸುಲಭ.

ಈಗಿನ ಹೊಸ ಗಾಡಿಗಳ ಟ್ಯಾಂಕಿನ ಮುಚ್ಚಳದ ಹತ್ತಿರ ಇ20 ಅಂತ ಸ್ಟಿಕ್ಕರ್ ಇರುತ್ತದೆ. 2023ರ ನಂತರ ಗಾಡಿ ತಗೊಂಡವರು ಅದನ್ನು ನೋಡಿ ನಿರಾಳವಾಗಿದ್ದಾರೆ. ಇ27 ಬಂದ ದಿನ ಅವರ ಗಾಡಿಯೂ ಹಳೆಯ ಗಾಡಿಗಳ ಸಾಲಿಗೆ ಸೇರುತ್ತದೆ.